ಮುದುಕ ನೇಕಾರ, ಚೊಲೋ ಬೆಳಕು

ನನ್ನ ಕೆಲಸ ಏನಿತ್ತು ಅಂತ ಯಾರರ ಕೇಳಿದ್ರ ನಮ್ಮ ಬೀಗರು ಭಾಳ ಜಂಬದಿಂದ "ಅವ್ರು ಟಿವಿಯಾಗ ಇದ್ರು" ಅಂತಾರ. ಟಿವಿಯಾಗ ನಾ ಒಂದಿನಾನೂ ಕಂಡಾಂವ ಅಲ್ಲ. ಮೊದಲ ಹನ್ನೆರಡು ವರ್ಷ ಹೆಗಲ ಮ್ಯಾಲೆ ಕ್ಯಾಮೆರಾ ಹೊತ್ತೆ. ಬೆನ್ನು ಕೈಕೊಟ್ಟ ಮ್ಯಾಲೆ ಬಾಗಲಕೋಟಿ ಆಫೀಸಿನ ಹಿಂದಿನ ಖೋಲ್ಯಾಗ ಕುಂಡ್ರಿಸಿದ್ರು. ಕಿಡಕಿ ಇಲ್ಲದ ಖೋಲಿ, ನಾಕೂ ಗ್ವಾಡಿಗೆ ಕಬ್ಬಿಣದ ಕಪಾಟು, ಕಪಾಟಿನ ತುಂಬ ಕ್ಯಾಸೆಟ್ಟು, ಮೂಗು ಹಿಡಕೊಳ್ಳುವಂಥ ಡಾಂಬರ ಗುಳಿಗಿ ವಾಸನಿ. ಸುದ್ದಿ ಮಾಡೋರಿಗೆ, ಸಾಕ್ಷ್ಯಚಿತ್ರ ಮಾಡೋರಿಗೆ ಹಳೇ ದೃಶ್ಯ ಬೇಕಾದಾಗ ಹುಡುಕಿ ಕೊಡೂದು ನನ್ನ ಕೆಲಸ. ರಿಟೈರ್ ಆಗೂತನಕ ಅದನ್ನ ಮಾಡಿದೆ.

ಈಗ ಈ ಕೆಲಸಕ್ಕ ಬರೋರು ಕಂಪ್ಯೂಟರಿನ ಮುಂದ ಕುಂತು ಒಂದು ಶಬ್ದ ಟೈಪ್ ಮಾಡ್ತಾರ, ದೃಶ್ಯ ಸಾಲಾಗಿ ಬಂದು ನಿಂದರ್ತಾವ. ಭಾಳ ಚೊಲೋ. ಆದ್ರ ಆ ಶಬ್ದ ಅಲ್ಲಿ ಯಾರು ಹಾಕ್ಯಾರ ಅಂತ ಒಬ್ರೂ ಕೇಳೂದಿಲ್ಲ. ನನ್ನಂಥ ಮೂರ್ಖರು ಹಾಕ್ಯಾರ್ರೀ. ಅದನ್ನ ಹೇಳಾಕಂತನ ಇದನ್ನ ಬರ್ಯಾಕತ್ತೇನಿ. ನನ್ನ ಸನ್ಮಾನದ ಶಾಲಿನ ಕಥಿ ಹೇಳಾಕಲ್ಲ.

ಕ್ಯಾಸೆಟ್ಟಿಗೆ ಬಿಸಲು ಒಂದು ವೈರಿ, ಬೂಸರು ಇನ್ನೊಂದು. ವರ್ಷಕ್ಕೊಮ್ಮೆ ಪ್ರತಿಯೊಂದನ್ನೂ ಪೂರಾ ಮುಂದ ಓಡ್ಸಿ, ಮತ್ತ ಹಿಂದ ಸುತ್ತಿ ಇಡಬೇಕು. ಇಲ್ಲಾಂದ್ರ ಪಟ್ಟಿಗೆ ಪಟ್ಟಿ ಅಂಟಿ ಕುಂಡ್ರತೈತಿ. ನಮ್ಮ ಕಡೆ ಬ್ಯಾಸಗ್ಯಾಗ ಆ ಖೋಲ್ಯಾಗ ಕುಂತು ಸುತ್ತೋದು ಅಂದ್ರ ಮೈಯಾಗಿನ ನೀರೆಲ್ಲಾ ಹೊರಗ ಬರ್ತಿತ್ತು. ಮತ್ತೊಂದು ವೈರಿ ನಾವ. ಹೊಸ ಕ್ಯಾಸೆಟ್ಟು ಬರದಿದ್ದಾಗ ಹಳೇದರ ಮ್ಯಾಲೆ ಹೊಸದನ್ನ ತುಂಬತಿದ್ವಿ. ಚೊಲೋ ಇದ್ದ ಒಂದೆರಡು ತುಣುಕು ಬ್ಯಾರೆ ಕಡೆ ತಗದಿಟ್ಟು ಉಳಿದದ್ದೆಲ್ಲಾ ಅಳಿಸೂದು. ಯಾವನೋ ಮಂತ್ರಿ ರಿಬ್ಬನ್ ಕತ್ತರಿಸೂದನ್ನ ತುಂಬಾಕ ನಾ ಏನೇನ ಅಳಿಸೇನಿ ಅಂತ ನೆನಸಿದ್ರ ಈ ಕೈ ಕಡದ ಒಗೀಬೇಕು ಅನಸ್ತೈತಿ.

ನನಗ ಈ ಖೋಲಿ ಕೆಲಸ ಕಲಿಸಿದಾವ್ರು ಕುಲಕರ್ಣಿ ಸಾಹೇಬ್ರು, ನಮ್ಮ ಆಫೀಸಿನ ಮುಖ್ಯಸ್ಥರು. ಶಾಣ್ಯಾ ಮನಶ್ಯಾ, ಆದ್ರ ಮಾತಿನಾಗ ಖಾರ. ಮೊದಲನೇ ವಾರ ನಾ ಕ್ಯಾಸೆಟ್ಟಿನ ಚೀಟಿ ಮ್ಯಾಲೆ ದೃಶ್ಯದಾಗ ಇದ್ದವರ ಹೆಸರು ಬರದಿದ್ದೆ. ಅವರು ಚೀಟಿ ಕಿತ್ತು ನನ್ನ ಮುಂದ ಒಗದ್ರು.

"ಏನ್ರಿ ಶೇಖರಪ್ಪ, ಬೆಂಗಳೂರಿನ ಸುದ್ದಿ ಡೆಸ್ಕಿನವರು ಫೋನ್ ಮಾಡಿ ಫಕೀರಪ್ಪನ ದೃಶ್ಯ ಕೊಡ್ರಿ ಅಂತಾರೇನು? ರೈತನ ದೃಶ್ಯ ಕೊಡ್ರಿ ಅಂತಾರ. ಕಣ್ಣಿಗೆ ಏನ ಕಾಣಸ್ತೈತಿ ಅದನ್ನ ಬರೀರಿ. ಹೆಸರು ತಗೊಂಡು ಉಪ್ಪಿನಕಾಯಿ ಹಾಕೋಣೇನು?"

ಖರೇನೂ ಅನಸ್ತು. ಅವತ್ತಿನಿಂದ ಹಂಗ ಬರ್ದೆ. "ಅಳುವ ಹೆಣ್ಮಗಳು, ನಾಕು." "ಮೆಣಸಿನಕಾಯಿ ರಾಶಿ." "ಹೊಳಿ ನೀರು, ಕುಳಗೇರಿ ಕ್ರಾಸ್ ಕಡೆ." ಹೆಸರಿಲ್ಲ, ಮನಿ ಇಲ್ಲ, ಊರು ಇದ್ರ ಇತ್ತು ಇಲ್ಲಾಂದ್ರ ಇಲ್ಲ. ಯಾವ ದೃಶ್ಯ ಕೇಳಿದ್ರೂ ಎರಡು ನಿಮಿಷದಾಗ ತಗದ ಕೊಡ್ತಿದ್ದೆ. ಆಫೀಸಿನ್ಯಾಗ ನನ್ನ ಹೆಸರು ಭಾಳ ಆತು.

ಒಂದ್ಸಲ ದೊಡ್ಡ ಊರಿನಿಂದ ಸಾಕ್ಷ್ಯಚಿತ್ರ ಮಾಡೋರು ಬಂದ್ರು. ಡ್ಯಾಮಿನ ನೀರಾಗ ಮುಳುಗಡಿ ಆದ ಹಳೇ ಬಾಗಲಕೋಟಿ ಓಣಿಗಳ ದೃಶ್ಯ ಬೇಕು ಅಂದ್ರು. ಇದ್ದದ್ದು ಸಾಲಲಿಲ್ಲ. ಕಪಾಟಿನ್ಯಾಗ "ಹಳೇ ಓಣಿ, ಕಲ್ಲಿನ ಮನಿ, ಸಂಜಿ ಹೊತ್ತು" ಅಂತ ಒಂದಿತ್ತು. ಅದು ಬದಾಮಿದು ಅಂತ ನನಗ ಅನುಮಾನ ಇತ್ತು. ಆದ್ರೂ ಕೊಟ್ಟೆ. ಚಿತ್ರ ಬಂತು. ಮುಳುಗಡಿ ಮಂದಿಗೆ ಕಟ್ಟಿದ ನವನಗರದಾಗ ನಮ್ಮ ಮಗ್ಗಲ ಮನಿ ಅಜ್ಜಿ ಅದನ್ನ ನೋಡಿ "ಅಯ್ಯ ಇದು ನಮ್ಮ ಓಣಿ, ಇಲ್ಲೇ ನಾ ರಂಗೋಲಿ ಹಾಕ್ತಿದ್ದೆ" ಅಂತ ಗಳಗಳ ಅತ್ತಳು. ಬದಾಮಿ ಓಣಿ ನೋಡಿ ಬಾಗಲಕೋಟಿ ಮುದುಕಿ ಅತ್ತಳು! ನಾ ಒಳಗೊಳಗ ನಕ್ಕೆ. ಯಾರಿಗೇನ ಆತು? ಏನೂ ಆಗಲಿಲ್ಲ ಅಂತ ಸುಮ್ಮನಾದೆ. ಆಗ ಯಾರರ ಬಂದು ನನ್ನ ಕಪಾಳಕ್ಕ ಹೊಡದಿದ್ರ ಮುಂದಿನದು ಆಗ್ತಿರಲಿಲ್ಲ.

ಮುಂದಿನದು ಇಳಕಲ್ಲಿನದು. ಅದರ ಬೇರು ಇನ್ನೂ ಹಿಂದ ಐತಿ, ನಾ ಕ್ಯಾಮೆರಾ ಹೊರ್ತಿದ್ದ ಕಾಲದ್ದು.

ಇಳಕಲ್ ಸೀರಿ ಮ್ಯಾಲೆ ಒಂದು ಕಾರ್ಯಕ್ರಮ ಮಾಡಾಕ ಹೋಗಿದ್ವಿ. ಅಲ್ಲಿ ಖಾಸೀಮಸಾಬ ಅನ್ನೂ ನೇಕಾರರ ಮನ್ಯಾಗ ಕುಣಿ ಮಗ್ಗ ಇತ್ತು. ನೆಲದಾಗ ತಗ್ಗು ತೋಡಿ ಕಾಲು ಇಳಿಬಿಟ್ಟು ನೇಯೋ ಮಗ್ಗ. ಆಗ್ಲೇ ಅವರಿಗೆ ಅರವತ್ತು ದಾಟಿತ್ತು, ಬಿಳೇ ಗಡ್ಡ, ತೆಳ್ಳಗ ಉದ್ದನ ಬೆರಳು. ಇಳಕಲ್ ಸೀರ್ಯಾಗ ಒಡಲಿನ ಹಾಸು, ಅಂದ್ರ ಉದ್ದನ ಎಳಿ, ಬ್ಯಾರೆ, ಸೆರಗಿನ ಹಾಸು ಬ್ಯಾರೆ. ಎರಡರ ಎಳಿಗೆ ಎಳಿ ಕೊಂಡಿ ಹಾಕಿ ಕೂಡಸ್ತಾರ. ಅದು ಒಬ್ಬರ ಕೈಯಿಂದ ಆಗೂದಲ್ಲ, ಎದುರಿಗೆ ಇನ್ನೊಬ್ರು ಕುಂತು ಎಳಿ ಕೊಡಬೇಕು. ಎಳಿ ಕೊಡಾಕಿ ಅವರ ಹೆಣ್ತಿ ಬೀಬಿಜಾನ್. ಬೆಳಕಿಂಡಿಯಿಂದ ಮುಂಜಾನಿ ಬೆಳಕು ಸೀದಾ ಖಾಸೀಮಸಾಬರ ಮಾರಿ ಮ್ಯಾಲೆ ಬಿದ್ದಿತ್ತು. ಅಂಥ ಬೆಳಕು ನನಗ ಮತ್ತ ಸಿಗಲಿಲ್ಲ.

ಆದ್ರ ಬೀಬಿಜಾನ್ ಕ್ಯಾಮೆರಾ ನೋಡಿ ನೋಡಿ ನಗಾಕತ್ತಿದ್ರು. ನಾ ಸಿಟ್ಟಿಗೆದ್ದೆ.

"ಅವ್ವಾ, ನೀವು ಸ್ವಲ್ಪ ಬಾಜು ಸರೀರಿ. ಬರೇ ಚಾಚಾ ಇರ್ಲಿ."

"ನಾ ಸರದ್ರ ಎಳಿ ಯಾರು ಕೊಡ್ತಾರ್ರಿ? ನಿಮ್ಮ ಕ್ಯಾಮೆರಾ ಕೊಡ್ತೈತೇನು?" ಅಂದು ಇನ್ನೂ ಜೋರಾಗಿ ನಕ್ರು. ಖಾಸೀಮಸಾಬರೂ ನಕ್ರು. ನನಗ ನಗು ಬರಲಿಲ್ಲ, ಬೆಳಕು ಸರ್ಯಾಕತ್ತಿತ್ತು. ಕ್ಯಾಮೆರಾನ ಹಂಗ ಹತ್ತರ ಒಯ್ದು ಆಕಿನ್ನ ಚೌಕಟ್ಟಿನಿಂದ ಹೊರಗ ಹಾಕಿದೆ. ಆ ದೃಶ್ಯದಾಗ ಚಾಚಾ ಅದಾರ, ಮಗ್ಗ ಐತಿ, ಎಡಗಡಿಯಿಂದ ಎರಡು ಹಸಿರು ಬಳಿ ಇದ್ದ ಒಂದು ಕೈ ಬಂದು ಎಳಿ ಕೊಟ್ಟು ಹೋಗ್ತೈತಿ. ಆಕಿ ನಕ್ಕಿದ್ದು ಬ್ಯಾರೆ ಕ್ಯಾಸೆಟ್ಟಿನ್ಯಾಗಿತ್ತು. ಅದನ್ನ ಮುಂದ ಖೋಲಿಗೆ ಬಂದ ಮ್ಯಾಲೆ ನಾನ ಅಳಿಸಿದೆ. ಉಳಿಸಿದ ತುಣುಕಿಗೆ ಚೀಟಿ ಹಚ್ಚಿದೆ: "ಮುದುಕ ನೇಕಾರ, ಚೊಲೋ ಬೆಳಕು."

ಆ ದೃಶ್ಯ ಎಷ್ಟು ಸಲ ಬಂತೋ ಲೆಕ್ಕ ಇಲ್ಲ. ಸೀರಿ ಮ್ಯಾಲೆ ಏನ ಬಂದ್ರೂ ಅದ. ಕೈಮಗ್ಗದ ದಿನಕ್ಕ ಅದ. ಖಾಸೀಮಸಾಬರು ಒಂದ್ಸಲ ಪ್ಯಾಟ್ಯಾಗ ಸಿಕ್ಕು, "ಶೇಖರಪ್ಪಾರ, ನಿಮ್ಮ ದಯಾದಿಂದ ನಾ ಹೀರೋ ಆಗೇನಿ ನೋಡ್ರಿ. ನಮ್ಮಾಕಿ ಮಾತ್ರ ಬರೇ ಕೈ ತೋರ್ಸ್ಯಾರ ಅಂತ ಜಗಳಾ ಮಾಡ್ತಾಳ" ಅಂದು ಚಾ ಕುಡಿಸಿದ್ರು.

ನಾ ಖೋಲಿಗೆ ಬಂದು ಕೆಲವು ವರ್ಷ ಆದ ಮ್ಯಾಲೆ ಒಂದಿನ ಸುದ್ದಿ ಬಂತು: ಇಳಕಲ್ಲಿನ್ಯಾಗ ಬ್ಯಾರೆ ಯಾರೋ ನೇಕಾರ ತನ್ನ ಜೀವಾ ತಾನ ಕಳಕೊಂಡಿದ್ದ. ಆ ಮನಿಯವರು ಕ್ಯಾಮೆರಾ ಒಳಗ ಬಿಡಲಿಲ್ಲ, ಬಿಡಬಾರದು ಸೈ. ಬೆಂಗಳೂರಿನ ಡೆಸ್ಕಿನಿಂದ ಫೋನ್ ಬಂತು.

"ಸರ್, ಇಳಕಲ್ ನೇಕಾರರದ್ದು ಯಾವುದಾದ್ರೂ ದೃಶ್ಯ ಕಳಿಸಿ. ಹತ್ತು ನಿಮಿಷದಲ್ಲಿ ಬುಲೆಟಿನ್ ಇದೆ."

ನನ್ನ ಕೈ ತಾನ ಕಪಾಟಿಗೆ ಹೋತು. ಹೆಸರಿಲ್ಲದ ಚೀಟಿ ನೋಡಿ ಕೈ ಅಂಜಲಿಲ್ಲ. "ಖಾಸೀಮಸಾಬ" ಅಂತ ಬರದಿದ್ರ ಅಂಜತಿತ್ತೇನೋ. ಕಳಿಸಿದೆ. "ಇದು ಬ್ಯಾರೇದವರದು, ಸಂಗ್ರಹ ದೃಶ್ಯ ಅಂತ ಕೆಳಗ ಬರದು ಹಾಕ್ರಿ" ಅಂತ ನಾ ಡೆಸ್ಕಿಗೆ ಹೇಳಿದ್ದೆ ಅಂತ ಭಾಳ ವರ್ಷ ಮಂದಿಗೆ ಹೇಳ್ಕೋತ ಬಂದೆ. ಹೇಳಿರಲಿಲ್ಲ. ಯಾವಾಗ್ಲೂ ಹಾಕ್ತಾರ, ಇವತ್ತೂ ಹಾಕ್ತಾರ ಅಂತ ಅನ್ಕೊಂಡು ಕ್ಯಾಸೆಟ್ಟು ಸುತ್ತಾಕ ಕುಂತೆ. ಅವರು ಹಾಕಲಿಲ್ಲ. ಆ ದಿನ ಪೂರ್ತಿ, ಪ್ರತಿ ಬುಲೆಟಿನ್ನಿಗೂ, "ಇಳಕಲ್ ನೇಕಾರ ಆತ್ಮಹತ್ಯೆ" ಅಂತ ಬರದು ಖಾಸೀಮಸಾಬರ ಮಾರಿ ತೋರಿಸಿದ್ರು.

ಮರುದಿನ ನಮ್ಮ ವರದಿಗಾರ ಬಂದು "ಆ ದೃಶ್ಯದಾಗಿನ ಮುದುಕ ಬದುಕ್ಯಾನಂತ್ರೀ, ಓಣ್ಯಾಗ ಗದ್ದಲ ಆಗೇತಂತ" ಅಂದ. ಚಾನೆಲ್ಲಿನ್ಯಾಗ ಕೆಳಗ ಒಂದು ಸಾಲು ಓಡ್ತು, "ತಪ್ಪಿಗೆ ವಿಷಾದಿಸುತ್ತೇವೆ" ಅಂತ. ಒಮ್ಮೆ ಓಡ್ತು. ಚಾಚಾನ ಮುಂದ ಹೋಗಿ ನಿಂದರಬೇಕು ಅಂತ ನನಗ ಅನ್ನಿಸಿತು, ಖರೆ. ಹೋಗಲಿಲ್ಲ. ಅಂಜಿಕಿ.

ನಲವತ್ತು ದಿನ ಆದ ಮ್ಯಾಲೆ ಖಾಸೀಮಸಾಬರು ತಾವ ಬಂದ್ರು. ನನ್ನ ಖೋಲಿ ಬಾಗಲದಾಗ ನಿಂತು ಸಲಾಂ ಮಾಡಿದ್ರು. ಗಡ್ಡ ಹೆಚ್ಚಿಗೆ ಬೆಳದಿತ್ತು. ನಾ ಎದ್ದು ನಿಂತು "ಚಾಚಾ, ತಪ್ಪಾತು" ಅಂದೆ. ಅವರು ಕೈ ಎತ್ತಿ ಸುಮ್ಮನಿರಿ ಅಂದ್ರು.

"ಬೀಬಿಜಾನ್ ಹೋದ್ಲು, ನಿಮಗ ಗೊತ್ತೈತೇನ್ರಿ?"

ನನಗ ಗೊತ್ತಿರಲಿಲ್ಲ.

"ಎದಿ ನೋವು ಬಂದು ಇಲ್ಲೇ ಬಾಗಲಕೋಟಿ ದವಾಖಾನ್ಯಾಗ ಇಟ್ಟಿದ್ವಿ. ಗುಡೂರಿಗಿ ಕೊಟ್ಟ ನನ್ನ ಮಗಳು ರಜಿಯಾ ಆಕಿ ಹತ್ತರ ಇದ್ಲು. ಎರಡು ದಿನಕ್ಕ ಬಿಡ್ತೀವಿ ಅಂತ ಡಾಕ್ಟರು ಅಂದಿದ್ರು. ನಾ ಆಕಿಗೆ ಅರಿವಿ ತರಾಕ ಊರಿಗಿ ಹೋಗಿದ್ದೆ. ಆಕಿ ಗಂಜಿ ಬೇಡ್ಯಾಳ ಅಂತ ಮಗ್ಗಲ ಮನಿಯಾಕಿ ಮಾಡಿ ಕೊಟ್ಳು. ಡಬ್ಬಿ ಹಿಡಕೊಂಡು ಬಸ್ಸು ಹತ್ತಿದೆ. ಫೋನಿನ ಬ್ಯಾಟ್ರಿ ಇಳದಿತ್ತು."

ಅವರು ಕಣ್ಣು ಮುಚ್ಚಿ ತಗದ್ರು.

"ಅಮೀನಗಡದಾಗ ಬಸ್ಸು ನಿಂತಿತು. ಕರದಂಟಿನ ಅಂಗಡ್ಯಾಗ ಟಿವಿ ಹಚ್ಚಿದ್ರು. ಸದ್ದಿರಲಿಲ್ಲ. ಅದರಾಗ ನಾ ಬಂದೆ, ಶೇಖರಪ್ಪಾರ. ನನಗ ಓದಾಕ ಬರೂದಿಲ್ಲ. ಕೆಳಗ ಏನ ಬರದಾರ ತಿಳೀಲಿಲ್ಲ. ಆಕಿ ಕೈ ಬಂದು ಎಳಿ ಕೊಡ್ತು, ಹೋತು. ನನಗ ಖುಷಿ ಆತು. ದವಾಖಾನ್ಯಾಗೂ ಟಿವಿ ಐತಿ, ಆಕೀನೂ ನೋಡ್ತಿರಬೇಕು ಈಗ, ಮತ್ತ ಬರೇ ಕೈ ಅಂತ ಬೈತಿರಬೇಕು ಅಂದ್ಕೊಂಡೆ. ನಗ್ಕೋತ ಮತ್ತ ಬಸ್ಸು ಹತ್ತಿದೆ."

ನಾ ಕುರ್ಚಿ ಅವರ ಕಡೆ ಸರಿಸಿದೆ.

"ಆಕಿ ನೋಡ್ಯಾಳ. ಮಗ್ಗಲ ಪಲಂಗದಾಕಿ ಓದಿ ಹೇಳ್ಯಾಳ. ರಜಿಯಾ ನನಗ ಫೋನ್ ಮ್ಯಾಲೆ ಫೋನ್ ಹಚ್ಚ್ಯಾಳ, ಹತ್ತಿಲ್ಲ. ನಾ ವಾರ್ಡಿನ್ಯಾಗ ಕಾಲಿಟ್ಟಾಗ ಒಬ್ಬಾಕಿ ನನ್ನ ನೋಡಿ ಚೀರಿದ್ಲು. ಮುಂದ ಹೋದೆ. ಬೀಬಿಜಾನ್ ಮಾರಿ ಮ್ಯಾಲೆ ಆಗ್ಲೇ ಅರಿವಿ ಹೊಚ್ಚಿದ್ರು. ಗಂಜಿ ಇನ್ನೂ ಬಿಸಿ ಇತ್ತು."

ನಾ ಅತ್ತೆ. ಅವರು ಅಳಲಿಲ್ಲ. ನನಗ ಅಳಾಕ ಏನ ಹಕ್ಕಿತ್ತು ಅಂತ ಈಗ ಅನಸ್ತೈತಿ. ಅವರು ಕುರ್ಚಿ ಮ್ಯಾಲೆ ಕುಂತು ಕೇಳಿದ್ರು.

"ಜೀವಾ ತಾನ ಕಳಕೊಳ್ಳೂದು ನಮ್ಮಲ್ಲಿ ಹರಾಮ್ ಐತ್ರಿ. ನಾ ಆಕಿನ್ನ ದವಾಖಾನ್ಯಾಗ ಬಿಟ್ಟು ಹೋಗಿ ಹಂಗ ಮಾಡ್ಕೊಂಡೆ ಅಂತ ತಿಳ್ಕೊಂಡ ಹೋದ್ಲು ಆಕಿ. ಅದನ್ನ ಯಾರೂ ತಿದ್ದಾಕ ಆಗೂದಿಲ್ಲ, ಬಿಡ್ರಿ. ನಿಮ್ಮ ಪುಸ್ತಕದಾಗ ನನ್ನ ಹೆಂಗ ಬರದೀರಿ? ಅದನ್ನ ಓದಿ ಹೇಳ್ರಿ."

ನಾ ಕ್ಯಾಸೆಟ್ಟು ತಗದು ಚೀಟಿ ಓದಿದೆ. "ಮುದುಕ ನೇಕಾರ, ಚೊಲೋ ಬೆಳಕು."

"ನನ್ನ ಹೆಸರಿಲ್ಲೇನು?"

"ಇಲ್ಲ ಚಾಚಾ."

"ನಮ್ಮ ಮನ್ಯಾಗ ಕುಂತು ಚಾ ಕುಡದ ಹೋಗೀರಿ. ಹೆಸರು ಮರತ್ರೇನು?"

"ಮರತಿರಲಿಲ್ಲ. ಬರೀಲಿಲ್ಲ."

ಅವರ ಮುಂದನ ಚೀಟಿ ಕಿತ್ತು ಹೊಸ ಚೀಟಿ ಬರ್ದೆ. "ಖಾಸೀಮಸಾಬ, ನೇಕಾರರು, ಇಳಕಲ್. ಬದುಕಿದ್ದಾರೆ. ಕೈ: ಅವರ ಪತ್ನಿ ಬೀಬಿಜಾನ್." ರಜಿಸ್ಟರಿನ್ಯಾಗೂ ಹೊಡದು ಹಾಕಿ ಬರ್ದೆ. ಓದಿ ಹೇಳಿದೆ. ಅಕ್ಷರದ ಮ್ಯಾಲೆ ಬೆರಳಿಟ್ಟು "ಇದು ಆಕಿದೇನು?" ಅಂದ್ರು. ಹೌದು ಅಂದೆ. ದೃಶ್ಯ ಹಚ್ಚಿ ತೋರಿಸಿದೆ. ನಾಕು ಸಲ ನೋಡಿದ್ರು. ಆಕಿ ನಕ್ಕಿದ್ದು ಐತೇನು ಅಂತ ಕೇಳಿದ್ರು. ಬೂಸರು ಹಿಡದು ಕೆಟ್ಟೈತಿ ಅಂತ ಸುಳ್ಳು ಹೇಳಿದೆ. ಮಂತ್ರಿ ರಿಬ್ಬನ್ನಿನ ಸಲುವಾಗಿ ಅಳಿಸೇನಿ ಅಂತ ಆ ಮಾರಿ ಮುಂದ ಹೇಳಾಕ ನನ್ನ ನಾಲಿಗಿ ಏಳಲಿಲ್ಲ.

ಹೋಗೂ ಮುಂದ ಒಂದ ಮಾತು ಅಂದ್ರು. "ಎಲ್ಲೆಲ್ಲಿ ಬರದಾರ ಅಲ್ಲೆಲ್ಲಾ ತಿದ್ದಸ್ರಿ. ನಾ ಖರೇನ ಹೋದ ದಿನ ಯಾರೂ 'ಇಂವ ಹಂಗ ಸತ್ತಾಂವ' ಅನಬಾರದು. ನನ್ನ ಮಗಳು ಅದನ್ನ ಎರಡನೇ ಸಲ ಕೇಳಬಾರದು. ಇಷ್ಟ ಮಾಡ್ರಿ."

"ಮಾಡ್ತೇನಿ ಚಾಚಾ" ಅಂದೆ. ಕೈ ಮುಗದು ಅಂದೆ.

ಇಲ್ಲಿ ಹೊಸಬರು ಲಕ್ಷ್ಯ ಕೊಟ್ಟು ಓದ್ರಿ. ನಾ ಆ ದಿನ ಕಳಿಸಿದ ದೃಶ್ಯ ಬೆಂಗಳೂರಿನ ಕಂಪ್ಯೂಟರಿನ್ಯಾಗ ಉಳೀತು. ಅಲ್ಲಿ ಅದಕ್ಕ ನನ್ನ ಚೀಟಿ ಹೋಗೂದಿಲ್ಲ. ಯಾವ ಸುದ್ದಿಗೆ ಬಳಸಿದ್ರೋ ಆ ಸುದ್ದಿ ಹೆಸರ ಹತ್ತತೈತಿ. ನನ್ನ ಖೋಲ್ಯಾಗ ಅವರು ಬದುಕಿದ್ರು, ಅಲ್ಲಿ ಸತ್ತಿದ್ರು. ಇದು ನನಗ ಗೊತ್ತಿತ್ತು. ತಿದ್ದರಿ ಅಂತ ಮೇಲ್ ಹಾಕಿದೆ. ಉತ್ತರ ಇಲ್ಲ. ಮತ್ತೊಂದು ಹಾಕಿದೆ. "ನೋಡ್ತೀವಿ ಸರ್" ಅಂತ ಬಂತು. ಅಷ್ಟರಾಗ ಕ್ಯಾಸೆಟ್ಟೆಲ್ಲಾ ಕಂಪ್ಯೂಟರ್ ಡಿಸ್ಕಿಗೆ ಏರಿಸೂ ಕೆಲಸ ಬಂತು, ದಿನಕ್ಕ ಇಷ್ಟು ಅಂತ ಮ್ಯಾಲಿನವರು ಗಂಟು ಬಿದ್ರು. ಕುಲಕರ್ಣಿ ಸಾಹೇಬ್ರು ವರ್ಗ ಆಗಿ ಹೋಗಿದ್ರು, ಅವರ ಜಾಗಾಕ್ಕ ಬಂದಾಂವ ನನ್ನ ಮಾತು ಕೇಳಿ "ಒಂದು ದೃಶ್ಯಕ್ಕ ಯಾಕಿಷ್ಟು ತಲಿ ಕೆಡಿಸ್ಕೋತೀರಿ ಯಜಮಾನ್ರ" ಅಂದ. ಮೂರನೇ ಮೇಲ್ ನಾ ಹಾಕಲಿಲ್ಲ. ರಿಟೈರ್ ಆದೆ, ಶಾಲು ಹೊಚ್ಕೊಂಡು ಮನಿಗೆ ಬಂದೆ. ಖೋಲಿ ಖಾಲಿ ಮಾಡಿ ಕ್ಯಾಸೆಟ್ಟೆಲ್ಲಾ ಗುಜರಿಗೆ ಹಾಕಿದ್ರಂತ, ನನ್ನ ಹೊಸ ಚೀಟೀನೂ ಅದರ ಕೂಡ ಹೋತು.

ಹೋದ ಚಳಿಗಾಲದಾಗ ಮುಂಜಾನಿ ರಜಿಯಾ ಫೋನ್ ಮಾಡಿದ್ಲು. "ಅಬ್ಬಾ ಹೋದ್ರು ಸಾಹೇಬ್ರ. ಉಸಿರಿನ ಜಡ್ಡಿತ್ತು, ನಿಮಗ ಗೊತ್ತಲ್ಲ. ನಿಮಗ ತಿಳಿಸು ಅಂತ ಮೊದಲ ಹೇಳಿ ಇಟ್ಟಿದ್ರು."

ನಾ ಬಸ್ ಸ್ಟ್ಯಾಂಡಿನಿಂದ ಡೆಸ್ಕಿಗೆ ಫೋನ್ ಹಚ್ಚಿದೆ. ಅರ್ಧ ನಿಮಿಷ ತೋರಿಸ್ರಿ, ಇಡೀ ನಾಡು ಅವರ ಕೈ ನೋಡೇತಿ, ಹೆಸರು ಹಾಕಿ ತೋರಿಸ್ರಿ ಅಂದೆ. ಆ ಕಡೆ ಹೆಣ್ಮಗಳು ಭಾಳ ಸಂಭಾವಿತಳು, ಪಾಪ. ಕಂಪ್ಯೂಟರ್ ನೋಡಿ ಹೇಳಿದ್ಲು.

"ಸರ್, ಈ ದೃಶ್ಯ ಸಿಕ್ಕಿತು. ಆದ್ರೆ ಇವರು ಆಗ್ಲೇ ಆತ್ಮಹತ್ಯೆ ಮಾಡಿಕೊಂಡಿದ್ದಾರೆ ಅಂತ ಇದೆಯಲ್ಲ? ನೀವು ಬೇರೆ ಯಾರ ಬಗ್ಗೆಯೋ ಹೇಳ್ತಿದ್ದೀರಾ?"

"ಇಲ್ಲವ್ವ, ಅದು ಸುಳ್ಳು. ಇವತ್ತು ಮುಂಜಾನಿ ಹೋಗ್ಯಾರ."

"ನಮ್ಮ ದಾಖಲೆಯಲ್ಲಿ ಹೀಗಿದೆ ಸರ್. ದಾಖಲೆ ಬಿಟ್ಟು ನಾವು ಹಾಕೋಕಾಗಲ್ಲ."

ಬಸ್ಸು ಬಂತು. ಅಮೀನಗಡದಾಗ ನಿಂತಾಗ ನಾ ಕಿಡಕಿ ಕಡೆ ನೋಡಲಿಲ್ಲ.

ಇಳಕಲ್ಲಿನ್ಯಾಗ ಅವರ ಮನಿ ಮುಂದ ಮಂದಿ ಕೂಡಿತ್ತು. ಚಾಚಾನ್ನ ಮಲಗಿಸಿದ ಜನಾಜಾ ಅಂಗಳದಾಗ ಇತ್ತು. ಓಣಿಯವರಿಗೆಲ್ಲಾ ಖರೆ ಗೊತ್ತಿತ್ತು. ಆದ್ರ ಅಳಿಯನ ಕಡಿಯಿಂದ ಬಂದ ಒಬ್ಬಾಂವ ಫೋನಿನ್ಯಾಗ ಆ ಹಳೇ ಸುದ್ದಿ ತಗದು ಬಾಜುದಾಂವಗ ತೋರಿಸಾಕತ್ತಿದ್ದ. ಫೋನ್ ಒಂದು ಕೈಯಿಂದ ಇನ್ನೊಂದು ಕೈಗೆ ಹೋತು. ಗುಜುಗುಜು ಎದ್ದಿತು. ಮಸೀದಿಗೆ ಹೊಸದಾಗಿ ಬಂದ ಮೌಲಾನಾ ಅದನ್ನ ನೋಡಿ, ಅಳಿಯನ ಕಿವ್ಯಾಗ ಏನೋ ಕೇಳಿದ್ರು. ಇವರು ಹಂಗ ಸತ್ತಾರೇನು ಅಂತ ಕೇಳಿದ್ರು, ಅದು ನನಗ ತಿಳೀತು. ಅಳಿಯ ತಲಿ ಕೆಳಗ ಹಾಕಿದ. ಬಾಗಲದಾಗ ನಿಂತಿದ್ದ ರಜಿಯಾಗೂ ತಿಳೀತು. ಆಕಿ ಎರಡನೇ ಸಲ ಅದನ್ನ ಕೇಳಿದ್ಲು. ಆಕಿ ಕೇಳಬಾರದು ಅಂತ ನಾ ಚಾಚಾಗ ಕೈ ಮುಗದು ಮಾತು ಕೊಟ್ಟಿದ್ದೆ.

ನಾ ಜನಾಜಾದ ಹತ್ತರ ಹೋಗಿ ನಿಂತೆ. ಗಂಟಲು ದೊಡ್ಡದು ಮಾಡಿ ಹೇಳಿದೆ.

"ಕೇಳ್ರಿ ಎಲ್ಲಾರೂ. ಖಾಸೀಮಸಾಬರು ಜಡ್ಡಿನಿಂದ ಹೋಗ್ಯಾರ, ಅಲ್ಲಾ ಕರದಾಗ ಹೋಗ್ಯಾರ. ಫೋನಿನ್ಯಾಗ ಇರೂದು ಸುಳ್ಳು. ಆ ಸುಳ್ಳು ಮಾಡಿದಾಂವ ನಾ. ಆ ದೃಶ್ಯ ತಗದಾಂವ ನಾ, ಹೆಸರು ಬರೀದ ಇಟ್ಟಾಂವ ನಾ, ಯಾರದೋ ಸಾವಿಗೆ ಇವರ ಮಾರಿ ಕಳಿಸಿದಾಂವ ನಾ. ತಿದ್ದಸ್ತೇನಿ ಅಂತ ಮಾತು ಕೊಟ್ಟು ತಿದ್ದಸಲಾರದಾಂವನೂ ನಾನ. ಬೀಬಿಜಾನ್ ನಕ್ಕಿದ್ದನ್ನ ಅಳಿಸಿದಾಂವನೂ ನಾನ."

ಮೌಲಾನಾ ನನ್ನ ಹೆಗಲ ಮ್ಯಾಲೆ ಕೈ ಇಟ್ಟು, ನಮಾಜಿಗೆ ಸಾಲು ನಿಂದರ್ರಿ ಅಂತ ಮಂದಿಗೆ ಹೇಳಿದ್ರು. ಫೋನ್ ಹಿಡದಾಂವ ಅದನ್ನ ಕಿಸೇಕ ಹಾಕ್ಕೊಂಡ.

ರಜಿಯಾ ಬಾಗಲದಿಂದ ಒಂದು ಹೆಜ್ಜಿ ಮುಂದ ಬಂದ್ಲು. ಆಕಿ ಕೈಯಾಗ ಎರಡು ಹಸಿರು ಬಳಿ ಇದ್ವು. ಸಿಟ್ಟಿರಲಿಲ್ಲ ಆಕಿ ಮಾರ್ಯಾಗ, ಬೈದಿದ್ರ ಚೊಲೋ ಇತ್ತು.

"ಇಷ್ಟ ಮಂದಿಗೆ ಹೇಳಿದ್ರಿ ಸಾಹೇಬ್ರ," ಅಂದ್ಲು. "ನಮ್ಮ ಅಮ್ಮೀಗೆ ಯಾರು ಹೇಳ್ತಾರ?"

ಆಮ್ಯಾಲೆ ಜನಾಜಾ ಎತ್ತಿದ್ರು.